ಸೀಬೆ ಮರದ ಕೆಳಗಿನ ಚಕ್ರವರ್ತಿ

ಮರದಲ್ಲಿ ಸೀಬೆಹಣ್ಣು ಕಳಿತು ತೂಗುತ್ತಿದೆ. ಕೆಳಗೆ ಒಬ್ಬ ಹುಡುಗ ಅಂಗಾತ ಮಲಗಿ ಬಾಯಿ ತೆರೆದುಕೊಂಡಿದ್ದಾನೆ. ಎದ್ದು ಕೈಚಾಚಿದರೆ ಹಣ್ಣು ಸಿಕ್ಕೀತು, ಅವನು ಏಳುವುದಿಲ್ಲ. ಹಣ್ಣು ತಾನಾಗಿ ಉದುರಿ ಬಾಯಿಗೇ ಬೀಳಲಿ ಎಂದು ಕಾಯುತ್ತಾನೆ. ಅಮ್ಮ ಸಂತೆಗೆ ಕಳಿಸಿ ಏಡಿ ತರಲು ಹೇಳಿದರೆ, ಅರ್ಧ ದಾರಿಯಲ್ಲಿ ಹೊರೆ ಬೇಸರವಾಗಿ ಏಡಿಗಳನ್ನು ನೆಲಕ್ಕೆ ಬಿಡುತ್ತಾನೆ. ನಮ್ಮ ಮನೆ ಇಂಥ ಕಡೆ ಇದೆ, ನೀವೇ ಮುಂದೆ ನಡೆಯಿರಿ, ನಾನು ಹಿಂದಿನಿಂದ ಬರುತ್ತೇನೆ ಎಂದು ಅವುಗಳಿಗೆ ದಾರಿ ಹೇಳಿ ನೆರಳು ಹುಡುಕಿಕೊಂಡು ಮಲಗುತ್ತಾನೆ. ಅಕ್ಕಿಹಿಟ್ಟಿನ ತಿಂಡಿ ಮಾರಿ ಬಾ ಎಂದರೆ ಕೊಳದ ಕಪ್ಪೆಗಳಿಗೆ ಎಸೆದು, ದುಡ್ಡು ಆಮೇಲೆ ಕೊಡಿ ಎಂದು ಬರಿಗೈಯಲ್ಲಿ ಮನೆಗೆ ಬರುತ್ತಾನೆ.

ಫಿಲಿಪ್ಪೀನ್ಸ್‌ನಲ್ಲಿ ಅಜ್ಜಿಯರು ಹೇಳುತ್ತ ಬಂದ ಕಥೆಗಳಿವು. ಹುಡುಗನ ಹೆಸರು ಹುವಾನ್ ತಮಾದ್. ತಗಾಲೋಗ್ ಭಾಷೆಯಲ್ಲಿ ತಮಾದ್ ಎಂದರೆ ಸೋಮಾರಿ, ಮೈಗಳ್ಳ. ಹುವಾನ್ ಎಂಬುದು ಆ ದೇಶದಲ್ಲಿ ಯಾರೋ ಒಬ್ಬನ ಹೆಸರಲ್ಲ. ಪತ್ರಿಕೆಗಳ ವ್ಯಂಗ್ಯಚಿತ್ರಗಳಲ್ಲಿ ಬರುವ ಸಾಮಾನ್ಯ ಪ್ರಜೆಯೂ ಹುವಾನನೇ, ಹುವಾನ್ ದೆ ಲಾ ಕ್ರೂಜ್.

1947ರಲ್ಲಿ ಮನಿಲಾದ ಚಿತ್ರಮಂದಿರಗಳಿಗೆ ಈ ಹುವಾನ್ ತಮಾದ್ ಬಂದ. ಅವನ ಪಾತ್ರ ಮಾಡಿದವನೇ ಚಿತ್ರದ ನಿರ್ದೇಶಕ, ಅವನದೇ ಸಂಸ್ಥೆಯ ನಿರ್ಮಾಣ. ಮೂರೇ ವರ್ಷಗಳಲ್ಲಿ ಅದೇ ಮನುಷ್ಯ ಕುದುರೆಯೇರಿ, ತೊಗಲುಡುಗೆ ತೊಟ್ಟು, ಭೂಮಿಯ ಅತಿದೊಡ್ಡ ದಂಡಯಾತ್ರಿಕನಾಗಿ ತೆರೆಯ ಮೇಲೆ ಬಂದ. ಆ ಚಿತ್ರ 1952ರಲ್ಲಿ ವೆನಿಸ್ ಚಿತ್ರೋತ್ಸವದ ಸ್ಪರ್ಧೆಗೆ ಹೋಯಿತು. ಜಗತ್ತಿನ ಅತಿ ಸೋಮಾರಿ ಮತ್ತು ಜಗತ್ತನ್ನೇ ಗೆಲ್ಲಹೊರಟವನು, ಇಬ್ಬರದೂ ಒಂದೇ ಮುಖ. ಮ್ಯಾನುಯೆಲ್ ಕೋಂಡೆ ಎಂಬ ನಟ-ನಿರ್ದೇಶಕನ ಬಗ್ಗೆ ಓದುವಾಗಲೆಲ್ಲ ನನ್ನನ್ನು ಹಿಡಿದು ನಿಲ್ಲಿಸುವುದು ಈ ಜೋಡಿ. ಇವೆರಡು ಪಾತ್ರಗಳು ಒಂದೇ ಪ್ರಶ್ನೆಗೆ ಕೊಟ್ಟ ಎರಡು ಉತ್ತರಗಳು ಎಂದು ನಾನು ನಂಬಿದ್ದೇನೆ. ಪ್ರಶ್ನೆ ಕೋಂಡೆಗಿಂತ ಹಳೆಯದು.

ಸ್ಪೇನ್ ಆ ದ್ವೀಪಗಳನ್ನು 1565ರಿಂದ 1898ರವರೆಗೆ ಆಳಿತು. ಆಳಿದ್ದಷ್ಟೂ ಕಾಲ ಪಾದ್ರಿಗಳು, ಅಧಿಕಾರಿಗಳು, ಪ್ರವಾಸಿಗಳು ಬರೆದ ಪುಸ್ತಕಗಳಲ್ಲಿ ಒಂದು ಮಾತು ಮತ್ತೆ ಮತ್ತೆ ಬರುತ್ತದೆ: ಈ ಜನ ಸೋಮಾರಿಗಳು. ಫಿಲಿಪ್ಪೀನ್ಸ್‌ನ ಲೇಖಕ ಹೋಸೆ ರಿಜಾಲ್ ಈ ಮಾತನ್ನು ಕೈಗೆತ್ತಿಕೊಂಡು 1890ರಲ್ಲಿ ಸ್ಪೇನ್‌ನಿಂದ ಹೊರಡುತ್ತಿದ್ದ 'ಲಾ ಸೊಲಿದಾರಿದಾದ್' ಪತ್ರಿಕೆಯಲ್ಲಿ ಕಂತುಕಂತಾಗಿ ಒಂದು ಪ್ರಬಂಧ ಬರೆದ. ಸೋಮಾರಿತನ ಇಲ್ಲವೇ ಇಲ್ಲ ಎಂದು ಅವನು ವಾದಿಸಲಿಲ್ಲ. ಇದೆ, ಆದರೆ ಅದು ರೋಗವಲ್ಲ, ರೋಗದ ಲಕ್ಷಣ ಎಂದ. ಸ್ಪೇನಿನವರು ಬರುವ ಮೊದಲು ಈ ದ್ವೀಪಗಳ ಜನ ಸುತ್ತಲಿನ ನಾಡುಗಳೊಡನೆ ವ್ಯಾಪಾರ ಮಾಡುತ್ತಿದ್ದರು, ಹಡಗು ಕಟ್ಟುತ್ತಿದ್ದರು. ಆಮೇಲೆ ಬಿಟ್ಟಿ ದುಡಿಮೆ ಬಂತು, ಬೆಳೆದದ್ದು ತನ್ನದಲ್ಲ ಎನ್ನುವ ಸ್ಥಿತಿ ಬಂತು. ದುಡಿದದ್ದು ದಕ್ಕದ ಮೇಲೆ ಯಾರಿಗೆ ದುಡಿಯುವ ಮನಸ್ಸು ಬರುತ್ತದೆ ಎಂಬುದು ರಿಜಾಲನ ತರ್ಕ. ಅವನನ್ನು 1896ರ ಡಿಸೆಂಬರ್ 30ರಂದು ಮನಿಲಾದಲ್ಲಿ ಗುಂಡಿಕ್ಕಿ ಕೊಂದರು.

ರಿಜಾಲನ ಮೊಟ್ಟಮೊದಲ ಸ್ಮಾರಕ ಎದ್ದದ್ದು ಮನಿಲಾದಲ್ಲಲ್ಲ, ಲುಜಾನ್ ದ್ವೀಪದ ಆಗ್ನೇಯಕ್ಕಿರುವ ದಾಯೆತ್ ಎಂಬ ಪಟ್ಟಣದಲ್ಲಿ. ಅದೇ ದಾಯೆತ್‌ನಲ್ಲಿ 1915ರ ಅಕ್ಟೋಬರ್ 9ರಂದು ಮ್ಯಾನುಯೆಲ್ ಪಬೂಸ್ತಾನ್ ಉರ್ಬಾನೊ ಹುಟ್ಟಿದ. ಆ ಪ್ರಾಂತ್ಯದ ನೆಲದಲ್ಲಿ ಚಿನ್ನವಿದೆ. ಪರಕಾಲೆಯ ಗಣಿಗಳು ಇಂದಿಗೂ ಹೆಸರುವಾಸಿ. ಹುಡುಗ ಮನಿಲಾದ ಆಡಮ್ಸನ್ ಶಾಲೆಯಲ್ಲಿ ಭೂವಿಜ್ಞಾನದ ಎಂಜಿನಿಯರಿಂಗ್ ಓದಿದ್ದು ಆ ನೆಲದ ಮಕ್ಕಳಿಗೆ ಸಹಜವಾದ ದಾರಿಯೇ. ಅದು 1930ರ ದಶಕ, ಗಣಿ ಕೆಲಸಕ್ಕೆ ಬೆಲೆಯಿದ್ದ ಕಾಲ. ಆದರೆ ಓದುವ ದಿನಗಳಲ್ಲೇ ಅವನನ್ನು ಸಿನಿಮಾ ಸೆಳೆಯಿತು. 1935ರ 'ಮಹಿವಗಂಗ್ ಬಿಯೊಲಿನ್' ಚಿತ್ರದ ಸಣ್ಣ ಪಾತ್ರದಿಂದ ಅವನ ಬದುಕಿನ ದಿಕ್ಕು ಬದಲಾಯಿತು. ಉರ್ಬಾನೊ ಹೋಗಿ ಕೋಂಡೆ ಬಂದದ್ದು ಸಿನಿಮಾಕ್ಕಾಗಿ. ಸ್ಪ್ಯಾನಿಷ್‌ನಲ್ಲಿ ಆ ಪದಕ್ಕೆ ಸರದಾರ, ಜಹಗೀರುದಾರ ಎಂಬ ಅರ್ಥ.

ಆಗ ಫಿಲಿಪ್ಪೀನ್ಸ್ ಸಿನಿಮಾಕ್ಕೆ ಹದಿನಾರು ವರ್ಷ ಮಾತ್ರ. 1919ರಲ್ಲಿ ಹೋಸೆ ನೆಪೊಮುಸೆನೊ 'ದಲಗಂಗ್ ಬುಕಿದ್' ತೆಗೆದದ್ದು ಅಲ್ಲಿನವರೇ ತೆಗೆದ ಮೊದಲ ಪೂರ್ಣಾವಧಿ ಕಥಾಚಿತ್ರ. ಜನಪ್ರಿಯ ಸಂಗೀತ ನಾಟಕವೊಂದನ್ನೇ ತೆರೆಗೆ ತಂದದ್ದು. ಮೂಕಿಯಾದ್ದರಿಂದ ನಾಯಕಿ ಅತಾಂಗ್ ದೆ ಲಾ ರಾಮಾ ಚಿತ್ರಮಂದಿರದಲ್ಲೇ ನಿಂತು, ತೆರೆಯ ಮೇಲೆ ತನ್ನದೇ ತುಟಿ ಅಲುಗುವಾಗ ದನಿಗೂಡಿಸಿ ಹಾಡುತ್ತಿದ್ದಳು. ರಂಗಭೂಮಿ ಮತ್ತು ಸಿನಿಮಾದ ನಡುವೆ ಗೋಡೆಯೇ ಇಲ್ಲದ ಕಾಲವದು. ಟಾಕಿ ಬಂದದ್ದು 1933ರ ಹೊತ್ತಿಗೆ. ಅಮೆರಿಕದ ಆಳ್ವಿಕೆಯ ಊರಾದ ಮನಿಲಾದಲ್ಲಿ ಹಾಲಿವುಡ್‌ನದೇ ದರ್ಬಾರು. ಅದರೆದುರು ದೇಶೀ ಚಿತ್ರಗಳು ನಿಲ್ಲಬೇಕಾದರೆ ಒಂದು ಸಂಘಟಿತ ಬಲ ಬೇಕಿತ್ತು. 1937ರಲ್ಲಿ ಸಂಪಗೀತಾ ಪಿಕ್ಚರ್ಸ್, 1938ರಲ್ಲಿ ಎಲ್‌ವಿಎನ್ ಹುಟ್ಟಿದವು. ದೆ ಲಿಯೊನ್, ವಿಲ್ಲೊಂಕೊ, ನವೋವಾ ಎಂಬ ಮೂರು ಮನೆತನಗಳ ಹೆಸರಿನ ಅಕ್ಷರಗಳೇ ಎಲ್‌ವಿಎನ್. ನಡೆಸಿದ್ದು ನರ್ಸೀಸಾ ದೆ ಲಿಯೊನ್ ಎಂಬ ವಿಧವೆ, ಎಲ್ಲರ ಬಾಯಲ್ಲಿ ದೋನ್ಯಾ ಸಿಸಾಂಗ್. ಭತ್ತದ ವ್ಯಾಪಾರದಲ್ಲಿ ಪಳಗಿದ ಆ ಹಿರಿಯ ಹೆಂಗಸು ಸ್ಟುಡಿಯೊವನ್ನು ಮನೆಯೊಡತಿಯ ಹಾಗೆ, ಖರ್ಚಿನ ಮೇಲೆ ಕಣ್ಣಿಟ್ಟು ನಡೆಸಿದಳು.

ಕೋಂಡೆ ನಿರ್ದೇಶಕನಾದದ್ದು ಇವಳ ಆಶ್ರಯದಲ್ಲಿ, 1940ರ 'ಸಾವಿಂಗ್ ಗಂತಿಂಪಾಲಾ' ಚಿತ್ರದಿಂದ. ಮರುವರ್ಷ ಅವನ ಕೈಗೆ ಬಂದ ಒಂದು ಕೆಲಸದ ಬಗ್ಗೆ ಸ್ವಲ್ಪ ನಿಂತು ಹೇಳಬೇಕು.

'ಇಬೊಂಗ್ ಅದರ್ನಾ' ಎಂಬುದು ಸ್ಪೇನಿನ ಕಾಲದಿಂದ ಬಂದ ಪದ್ಯಕಥೆ. ರಾಜನಿಗೆ ವಾಸಿಯಾಗದ ರೋಗ. ಅದರ್ನಾ ಎಂಬ ಹಕ್ಕಿಯ ಹಾಡು ಕೇಳಿದರೆ ಮಾತ್ರ ಗುಣವಾಗುತ್ತದೆ. ಆ ಹಕ್ಕಿ ಏಳು ಹಾಡು ಹಾಡುತ್ತದೆ, ಒಂದೊಂದು ಹಾಡಿಗೂ ಗರಿಗಳ ಬಣ್ಣ ಬದಲಾಗುತ್ತದೆ. ಕೇಳುತ್ತ ಕೇಳುತ್ತ ಎಂಥವನಿಗೂ ನಿದ್ದೆ ಹತ್ತುತ್ತದೆ. ಕೊನೆಯಲ್ಲಿ ಹಕ್ಕಿ ಹಿಕ್ಕೆ ಹಾಕಿದರೆ, ಅದು ಬಿದ್ದವನು ಕಲ್ಲಾಗುತ್ತಾನೆ. ಹಿರಿಯ ಇಬ್ಬರು ರಾಜಕುಮಾರರು ಹೀಗೆ ಕಲ್ಲಾದರು. ಮೂರನೆಯವನು ಅಂಗೈ ಕೊಯ್ದುಕೊಂಡು, ಗಾಯಕ್ಕೆ ನಿಂಬೆ ಹಿಂಡಿಕೊಂಡು, ಆ ಉರಿಯಲ್ಲಿ ಎಚ್ಚರವಾಗಿ ಕುಳಿತು ಹಕ್ಕಿಯನ್ನು ಹಿಡಿದ. ಅವನ ಹೆಸರೂ ಹುವಾನ್.

1941ರಲ್ಲಿ ಎಲ್‌ವಿಎನ್ ಇದನ್ನು ಚಿತ್ರವಾಗಿಸಿತು. ನಿರ್ದೇಶನ ವಿಸೆಂತೆ ಸಲುಂಬಿದೆಸ್‌ನದು, ತಾಂತ್ರಿಕ ಮೇಲ್ವಿಚಾರಣೆ ಕೋಂಡೆಯದು. ಕಪ್ಪು-ಬಿಳುಪು ಫಿಲಂನಲ್ಲಿ ಹಕ್ಕಿಯ ಬಣ್ಣ ತೋರಿಸುವುದು ಹೇಗೆ? ಹಕ್ಕಿ ಬರುವ ಭಾಗದ ಒಂದೊಂದು ಚೌಕಕ್ಕೂ ಕೈಯಿಂದಲೇ ಬಣ್ಣ ಹಚ್ಚಿದರು. ಒಂದು ಸೆಕೆಂಡಿನ ಟಾಕಿಗೆ 24 ಚೌಕಗಳು. ಒಂದು ನಿಮಿಷಕ್ಕೆ ಸಾವಿರದ ನಾನೂರಕ್ಕೂ ಹೆಚ್ಚು. ಸೋಮಾರಿಗಳೆಂದು ಮೂರು ಶತಮಾನ ಕರೆಸಿಕೊಂಡ ಜನರ ಕೈಕೆಲಸ ಇದು. ಯುದ್ಧಕ್ಕೆ ಮೊದಲು ಆ ದೇಶದಲ್ಲಿ ತಯಾರಾದ ನೂರಾರು ಕಥಾಚಿತ್ರಗಳಲ್ಲಿ ಇಂದು ಉಳಿದಿರುವುದು ಬೆರಳೆಣಿಕೆಯಷ್ಟು. ಆ ಕೆಲವುಗಳಲ್ಲಿ ಈ ಹಕ್ಕಿಯೂ ಒಂದು ಎಂಬುದು ನಮ್ಮ ಅದೃಷ್ಟ. ಕೋಂಡೆಗೆ ಆ ಕಥೆ ಎಷ್ಟು ಹಿಡಿಸಿತ್ತೆಂದರೆ 1955ರಲ್ಲಿ ಅದನ್ನು ಮತ್ತೊಮ್ಮೆ ತಾನೇ ನಿರ್ದೇಶಿಸಿದ.

1942ರ ಜನವರಿಯಲ್ಲಿ ಜಪಾನಿ ಸೇನೆ ಮನಿಲಾ ಹೊಕ್ಕಿತು. ಸಿನಿಮಾ ತಯಾರಿಕೆ ನಿಂತೇಹೋಯಿತು ಎನ್ನಬೇಕು. ಕ್ಯಾಮೆರಾದ ಮುಂದೆ ನಿಲ್ಲುತ್ತಿದ್ದ ನಟನಟಿಯರು ಹೊಟ್ಟೆಪಾಡಿಗೆ ನಾಟಕಶಾಲೆಗಳ ಹಾಡು-ಹಾಸ್ಯದ ಪ್ರದರ್ಶನಗಳಿಗೆ ಮರಳಿದರು. 1945ರ ಫೆಬ್ರವರಿಯಲ್ಲಿ ಅಮೆರಿಕನ್ನರು ಮನಿಲಾವನ್ನು ಮರಳಿ ಪಡೆಯುವಾಗ ನಡೆದ ಒಂದು ತಿಂಗಳ ಕದನದಲ್ಲಿ ಸತ್ತ ನಾಗರಿಕರು ಸುಮಾರು ಒಂದು ಲಕ್ಷ. ಊರು ಬೂದಿಯಾಯಿತು. 1946ರ ಜುಲೈ 4ರಂದು ಸ್ವಾತಂತ್ರ್ಯ ಬಂದದ್ದು ಈ ಬೂದಿಯ ನಡುವೆ. ಅದೇ ವರ್ಷ ಎಲ್‌ವಿಎನ್ ಮತ್ತೆ ಬಾಗಿಲು ತೆರೆದು ತೆಗೆದ ಮೊದಲ ಚಿತ್ರ 'ಒರಸಂಗ್ ಗಿಂತೊ', ನಿರ್ದೇಶಕ ಕೋಂಡೆ.

ಮರುವರ್ಷ ಅವನು ಸ್ವಂತ ಸಂಸ್ಥೆ ಕಟ್ಟಿದ, ಮ್ಯಾನುಯೆಲ್ ಕೋಂಡೆ ಪ್ರೊಡಕ್ಷನ್ಸ್. ದೊಡ್ಡ ಸ್ಟುಡಿಯೊದ ನೆರಳು ಬಿಟ್ಟು ಹೊರಬರುವುದು ಆ ಕಾಲದಲ್ಲಿ ಸಣ್ಣ ಎದೆಗಾರಿಕೆಯ ಮಾತಲ್ಲ. ತಾರೆಯರು ಸ್ಟುಡಿಯೊಗಳ ಒಪ್ಪಂದದಲ್ಲಿ, ಚಿತ್ರಮಂದಿರಗಳು ಅವುಗಳ ಹಿಡಿತದಲ್ಲಿ. ಹೊರಬಂದವನು ಮೊದಲು ಕೈಗೆತ್ತಿಕೊಂಡದ್ದು ಯಾವುದನ್ನು? ಯುದ್ಧವೀರನ ಕಥೆಯನ್ನಲ್ಲ, ಪ್ರೇಮಕಥೆಯನ್ನೂ ಅಲ್ಲ. ಸೀಬೆ ಮರದ ಕೆಳಗೆ ಮಲಗಿದವನನ್ನು.

ಈ ಆಯ್ಕೆಯಲ್ಲಿ ಕೋಂಡೆಯ ಮನಸ್ಸು ಕಾಣುತ್ತದೆ. ಸೋಮಾರಿ ಎಂಬ ಬೈಗುಳಕ್ಕೆ ಉತ್ತರ ಕೊಡಲು ಎರಡು ದಾರಿ. ರಿಜಾಲನದು ಅಂಕಿಅಂಶ, ಇತಿಹಾಸ, ತರ್ಕದ ದಾರಿ. ಜನಪದರದು ಬೇರೆ. ಅವರು ಆ ಬೈಗುಳವನ್ನೇ ಮುದ್ದು ಮಾಡಿ ಮಗನಂತೆ ಸಾಕಿಕೊಂಡಿದ್ದರು. ಹುವಾನ್ ತಮಾದ್ ದಡ್ಡನಂತೆ ಕಾಣುತ್ತಾನೆ, ಆದರೆ ಅವನನ್ನು ಯಾರೂ ದುಡಿಸಿಕೊಳ್ಳಲಾರರು. ಏಡಿಗಳಿಗೆ ದಾರಿ ಹೇಳಿ ಮಲಗಿದವನ ಮೇಲೆ ಯಾವ ಜಮೀನುದಾರನ ಚಾವಟಿಯೂ ನಡೆಯುವುದಿಲ್ಲ. ಕೋಂಡೆ ಈ ಜಾನಪದದ ದಾರಿ ಹಿಡಿದ. ಒಂದು ಹೆಜ್ಜೆ ಮುಂದೆಯೂ ಹೋದ: ಮರದ ಕೆಳಗೆ ಮಲಗಿದವನಿಗೆ ಊರಿನ ನಡವಳಿಕೆಯೆಲ್ಲ ಕೆಳಗಿನಿಂದ ಕಾಣುತ್ತದಲ್ಲ, ಆ ನೋಟವನ್ನೇ ಕ್ಯಾಮೆರಾದ ನೋಟ ಮಾಡಿದ. 1948ರಲ್ಲಿ 'ಸಿ ಹುವಾನ್ ದಲ್ದಾಲ್' ಬಂತು. ಸೋಮಾರಿ ಹುವಾನನ ಮಗ ವಾಚಾಳಿ ಹುವಾನ್.

ಸರಣಿ ಆಮೇಲೆ ಸುಮಾರು ಹತ್ತು ವರ್ಷ ಬಿಡುವು ಪಡೆಯಿತು. ಆ ಬಿಡುವಿನಲ್ಲಿ ಬಂದದ್ದು ಚೆಂಗಿಸ್ ಖಾನ್.

ಮನಿಲಾದ ಪೂರ್ವಕ್ಕೆ, ಲಗೂನಾ ಸರೋವರದ ದಂಡೆಯಲ್ಲಿ ಅಂಗೋನೊ ಎಂಬ ಊರಿದೆ. ಮೀನುಗಾರರ ಊರು, ಈಗ ಚಿತ್ರಕಾರರ ಊರೆಂದು ಹೆಸರು. ಆ ಹೆಸರು ಬರಲು ಮುಖ್ಯ ಕಾರಣ ಕಾರ್ಲೋಸ್ ಫ್ರಾನ್ಸಿಸ್ಕೊ, ಎಲ್ಲರ ಬೋತೊಂಗ್. ಮನಿಲಾ ನಗರಸಭೆಯ ಗೋಡೆಗಳಿಗಾಗಿ ತನ್ನ ದೇಶದ ಇತಿಹಾಸವನ್ನೆಲ್ಲ ಬೃಹತ್ತಾಗಿ ಚಿತ್ರಿಸಿದವನು. ಬಾಗಿದ ರೇಖೆಗಳು, ಒಬ್ಬರ ಮೈಗೆ ಇನ್ನೊಬ್ಬರ ಮೈ ಹೆಣೆದುಕೊಂಡ ಗುಂಪುಗಳು, ಹಬ್ಬದಂಥ ಬಣ್ಣ. ಒಮ್ಮೆ ನೋಡಿದರೆ ಅವನ ಕೈಯನ್ನು ಗುರುತಿಸಬಹುದು. ಕೋಂಡೆಯ ಜತೆ ಅವನು ಹಲವು ಚಿತ್ರಗಳಿಗೆ ದುಡಿದ. 'ಪ್ರಿನ್ಸಿಪೆ ತೆನ್ಯೋಸೊ', 'ಸಿಯೆತೆ ಇನ್ಫಾಂತೆಸ್ ದೆ ಲಾರಾ', 'ಹುವಾನ್ ತಮಾದ್', ಎಲ್ಲದರಲ್ಲೂ ಅವನ ಕೈಯಿದೆ. 'ಚೆಂಗಿಸ್ ಖಾನ್' ಚಿತ್ರದ ಕಥೆಯಲ್ಲೂ ಬೋತೊಂಗ್ ಪಾಲುದಾರ. ಉಡುಪು, ಶಿರಸ್ತ್ರಾಣ, ಡೇರೆ, ಆಯುಧ, ಇವೆಲ್ಲ ಅವನ ಕುಂಚದಿಂದ ಇಳಿದು ಬಂದವು.

ಯೋಚಿಸಿ ನೋಡಿ. ಹುಲ್ಲುಗಾವಲಿಲ್ಲದ, ಹಿಮವಿಲ್ಲದ, ತೆಂಗು-ಭತ್ತದ ದ್ವೀಪದಲ್ಲಿ ಕುಳಿತು ಇಬ್ಬರು ಗೆಳೆಯರು ಗೋಬಿ ಮರಳುಗಾಡಿನ ಮಂಗೋಲರ ಚಿತ್ರ ತೆಗೆಯಹೊರಟಿದ್ದಾರೆ. ಹಾಲಿವುಡ್‌ನ ಹಣವಿಲ್ಲ, ದೊಡ್ಡ ಸ್ಟುಡಿಯೊದ ಬೆಂಬಲವಿಲ್ಲ. ಪಾತ್ರಧಾರಿಗಳು ಮನಿಲಾದ ಸಿನಿಮಾ-ರಂಗಭೂಮಿಯವರೇ: ಎಲ್ವಿರಾ ರೇಯೆಸ್ ನಾಯಕಿ, ರಂಗದ ಹಳೆಯ ಹುಲಿ ಲೂ ಸಾಲ್ವದೋರ್ ಖಳ, ಕೋಂಡೆ ಸ್ವತಃ ತೆಮುಜಿನ್, ಅಂದರೆ ಖಾನ್ ಆಗುವ ಮುಂಚಿನ ಚೆಂಗಿಸ್. ಹುವಾನ್ ಸಿಲೋಸ್ ಕಿರಿಯ ಸಂಗೀತ ಕೊಟ್ಟ, ಎಮ್ಮಾನುಯೆಲ್ ರೋಹಾಸ್ ಕ್ಯಾಮೆರಾ ಹಿಡಿದ. ಬಯಲು, ಗುಡ್ಡ, ಧೂಳು, ಮೋಡ, ಅವುಗಳೆದುರು ಕಪ್ಪಗೆ ನಿಂತ ಸವಾರರು. ಬಡತನವನ್ನು ಚಿತ್ರದ ಸಂಯೋಜನೆಯಿಂದಲೇ ಗೆದ್ದರು. ಆಕಾಶಕ್ಕೆ ಬಾಡಿಗೆ ಕೊಡಬೇಕಿಲ್ಲವಷ್ಟೆ. ಕ್ಯಾಮೆರಾವನ್ನು ಕೆಳಗಿಟ್ಟು ಚೌಕದ ಬಹುಭಾಗವನ್ನು ಆಕಾಶಕ್ಕೇ ಬಿಟ್ಟರೆ ಹತ್ತು ಕುದುರೆ ಸಾವಿರವಾಗುತ್ತದೆ.

ಕಥೆಯಲ್ಲಿ ಚಕ್ರವರ್ತಿಯಾದ ಖಾನ್ ಇಲ್ಲ. ಇನ್ನೂ ಏನೂ ಅಲ್ಲದ ಯುವಕ ತೆಮುಜಿನ್ ಇದ್ದಾನೆ. ಬುಡಕಟ್ಟುಗಳ ನಡುವೆ ಗಂಡಸರಲ್ಲಿ ಗಂಡಸು ಯಾರೆಂದು ನಿರ್ಣಯಿಸುವ ಪಂದ್ಯ ನಡೆಯುತ್ತದೆ. ಸುತ್ತಲೂ ಅವನಿಗಿಂತ ದಪ್ಪ ತೋಳಿನವರು, ಅವನಿಗಿಂತ ಹೆಚ್ಚು ಬಲವಿರುವ ಕುಲಗಳವರು. ತೆಮುಜಿನ್ ಗೆಲ್ಲುವುದು ತೋಳಿಗಿಂತ ಹೆಚ್ಚಾಗಿ ಬುದ್ಧಿಯಿಂದ, ಕಳ್ಳನಗೆಯಿಂದ. ಆಮೇಲೆ ದ್ರೋಹ, ಸೇಡು, ವೈರಿಯ ಮಗಳ ಮೇಲಿನ ಪ್ರೀತಿ, ಕೊನೆಗೆ ಶಿಖರದ ಮೇಲೆ ನಿಂತು ಜಗತ್ತನ್ನೆಲ್ಲ ಗೆಲ್ಲುವೆನೆಂಬ ಮಾತು. ಆ ಪಂದ್ಯದ ಭಾಗದಲ್ಲಿ ಇರುವವನು ನನ್ನ ಕಣ್ಣಿಗೆ ಹುವಾನ್ ತಮಾದನೇ. ವೇಷ ಮಂಗೋಲನದು, ತಂತ್ರ ಸೀಬೆ ಮರದ ಕೆಳಗಿನವನದು. ದೊಡ್ಡವರ ಬಲವನ್ನು ದೊಡ್ಡವರ ಮೇಲೆಯೇ ತಿರುಗಿಸುವ ಸಣ್ಣವನ ಜಾಣತನ ಅದು. ಮುನ್ನೂರು ವರ್ಷ ಸ್ಪೇನ್, ಅರ್ಧ ಶತಮಾನ ಅಮೆರಿಕ, ನಡುವೆ ಮೂರು ವರ್ಷ ಜಪಾನ್, ಇಷ್ಟು ಜನ ಬಂದು ಗೆದ್ದುಹೋದ ನೆಲದವನೊಬ್ಬ ಸ್ವಾತಂತ್ರ್ಯ ಬಂದ ನಾಲ್ಕನೇ ವರ್ಷ ಏಷ್ಯಾದ ವಿಜೇತನ ಪಾತ್ರ ಹಾಕಿಕೊಂಡು ನಿಂತನಲ್ಲ, ಆ ನಿಲುವಿನಲ್ಲಿ ಒಂದು ಜನಾಂಗದ ಬೆನ್ನೆಲುಬು ನೆಟ್ಟಗಾದಂತೆ ನನಗೆ ಕಾಣುತ್ತದೆ.

ಚಿತ್ರ 1950ರಲ್ಲಿ ತೆರೆಕಂಡಿತು. ಅದನ್ನು ಹೊರದೇಶಗಳಿಗೆ ಒಯ್ಯುವ ಪ್ರಯತ್ನದಲ್ಲಿ ಅಮೆರಿಕದ ಜೇಮ್ಸ್ ಏಜಿ ಜತೆಗೂಡಿದ. ಏಜಿ ಅಂದರೆ ಆ ಕಾಲದ ಅತಿ ಮುಖ್ಯ ಚಿತ್ರವಿಮರ್ಶಕರಲ್ಲಿ ಒಬ್ಬ, 'ದಿ ಆಫ್ರಿಕನ್ ಕ್ವೀನ್' ಚಿತ್ರಕಥೆಯಲ್ಲಿ ಪಾಲುಗೊಂಡವನು. ಅವನು ಈ ಚಿತ್ರಕ್ಕೆ ಇಂಗ್ಲಿಷ್ ನಿರೂಪಣೆ ಬರೆದ. ಅದರ ಹೊರದೇಶದ ವಿತರಣೆಯನ್ನು ಯುನೈಟೆಡ್ ಆರ್ಟಿಸ್ಟ್ಸ್ ವಹಿಸಿಕೊಂಡಿತು. 1952ರ ವೆನಿಸ್ ಸ್ಪರ್ಧೆಯಲ್ಲಿ ಜಾನ್ ಫೋರ್ಡ್, ರೊಸೆಲಿನಿ, ಮಿಜೊಗುಚಿ ಇವರ ಚಿತ್ರಗಳ ಸಾಲಿನಲ್ಲಿ ಕೋಂಡೆಯದೂ ಇತ್ತು. ಆ ವರ್ಷದ ಚಿನ್ನದ ಸಿಂಹ ಫ್ರಾನ್ಸಿನ ರೆನೆ ಕ್ಲೆಮಾನ್‌ಗೆ ಹೋಯಿತು. ಒಂದೇ ವರ್ಷದ ಹಿಂದೆ ಕುರೊಸಾವನ 'ರಾಶೊಮನ್' ಅದೇ ಪ್ರಶಸ್ತಿ ಪಡೆದು ಜಗತ್ತಿನ ಕಣ್ಣನ್ನು ಜಪಾನಿನ ಕಡೆ ತಿರುಗಿಸಿತ್ತು. ಏಷ್ಯಾದ ಸಿನಿಮಾ ಪಶ್ಚಿಮಕ್ಕೆ ಪರಿಚಯವಾದ ಕಥೆಯನ್ನು ನಾವು ಕುರೊಸಾವ, ಮಿಜೊಗುಚಿ, ಸತ್ಯಜಿತ್ ರೇ ಎಂದು ಹೇಳಿಕೊಂಡು ಬರುತ್ತೇವೆ. ಆ ಸಾಲಿನ ಮೊದಲ ಪುಟದಲ್ಲೇ ಮನಿಲಾದ ಒಬ್ಬನಿದ್ದ ಎಂಬುದನ್ನು ಸೇರಿಸಿಕೊಳ್ಳಬೇಕು. ಹಾಲಿವುಡ್ ತನ್ನ ಚೆಂಗಿಸ್ ಖಾನನನ್ನು ತೆರೆಗೆ ತಂದದ್ದು 1956ರಲ್ಲಿ, ಜಾನ್ ವೇನ್‌ಗೆ ಮಂಗೋಲನ ಮೀಸೆ ಅಂಟಿಸಿ. ಅದಕ್ಕೆ ಖರ್ಚಾದ ಹಣದಲ್ಲಿ ಕೋಂಡೆ ಎಷ್ಟೋ ಚಿತ್ರ ತೆಗೆಯುತ್ತಿದ್ದ. ಯಾವುದು ಮೇಲು ಎಂದು ಕೇಳಿದರೆ ನಾನು ಅನುಮಾನವಿಲ್ಲದೆ ಕೋಂಡೆಯದು ಎನ್ನುತ್ತೇನೆ.

ನಂತರದ ವರ್ಷಗಳಲ್ಲಿ ಅವನು ಜರ್ಮನ್ ಪುರಾಣದ 'ಸಿಗ್‌ಫ್ರೆದೊ' ತೆಗೆದ, ವಿಯೆಟ್ನಾಮಿಗೂ ಹೋಗಿ ಬಂದ. ಅಲ್ಲಿ ವಿನ್ ನೊವಾನ್ ಜತೆ ನಿರ್ದೇಶಿಸಿದ 1956ರ 'ಚುಂಗ್ ತೊಯ್ ಮುವೊನ್ ಸೊಂಗ್' ಉತ್ತರದಿಂದ ದಕ್ಷಿಣಕ್ಕೆ ಓಡಿಬಂದ ಜನರ ಕಥೆ. ಒಂದು ಚಿತ್ರದಿಂದ ಇನ್ನೊಂದಕ್ಕೆ ಅವನು ಎಲ್ಲಿಗೆ ಹಾರುತ್ತಾನೆಂದು ಹೇಳುವಂತಿರಲಿಲ್ಲ. ಆದರೆ ಕೊನೆಗೆ ಮರಳಿದ್ದು ಸೀಬೆ ಮರಕ್ಕೇ.

1959ರಲ್ಲಿ 'ಹುವಾನ್ ತಮಾದ್ ಗೋಸ್ ಟು ಕಾಂಗ್ರೆಸ್' ಬಂತು. ಸೋಮಾರಿ ಹುವಾನ್ ಸಂಸತ್ತಿಗೆ ಹೋದ. ಆ ಹೊತ್ತಿನ ದೇಶದ ಸ್ಥಿತಿ ಗೊತ್ತಿದ್ದರೆ ಚಿತ್ರಮಂದಿರದ ನಗೆ ಎಲ್ಲಿಂದ ಬಂತೆಂದು ತಿಳಿಯುತ್ತದೆ. ವಿದೇಶೀ ವಿನಿಮಯದ ಕೊರತೆಯಿಂದ ಆಮದಿಗೆ ಪರವಾನಗಿ ಬೇಕಿತ್ತು. ಪರವಾನಗಿ ಬೇಕೆಂದರೆ ಪ್ರಭಾವ ಬೇಕು, ಪ್ರಭಾವಕ್ಕೆ ಬೆಲೆಯಿತ್ತು. ಕೆಲಸ ಮಾಡಿಸಿಕೊಟ್ಟು ನೂರಕ್ಕೆ ಹತ್ತು ಕೀಳುವವರಿಗೆ 'ಟೆನ್ ಪರ್ಸೆಂಟರ್' ಎಂಬ ಹೆಸರೇ ಬಿದ್ದಿತ್ತು. ಎರಡು ಪಕ್ಷಗಳು, ನಸಿಯೊನಾಲಿಸ್ತಾ ಮತ್ತು ಲಿಬರಲ್. ಎರಡರ ನಡುವೆ ಓಡಾಡುವ ನಾಯಕರು. ಇಂಥ ಪಕ್ಷಾಂತರಿಯನ್ನು ಅಲ್ಲಿನ ಜನ ಬಲಿಂಬಿಂಗ್ ಎನ್ನುತ್ತಾರೆ. ಬಲಿಂಬಿಂಗ್ ನಮ್ಮ ಧಾರೆಹುಳಿ, ಎತ್ತ ತಿರುಗಿಸಿದರೂ ಒಂದು ಮುಖವಿರುವ ಕಾಯಿ. ಇಷ್ಟೆಲ್ಲದರ ನಡುವೆ ಕೋಂಡೆ ಏನೂ ಮಾಡದೆ ಮಲಗುವುದರಲ್ಲಿ ನಿಪುಣನಾದವನನ್ನು ಕರೆದು ತಂದು ಶಾಸನಸಭೆಯಲ್ಲಿ ಕೂರಿಸಿದ. ಸೋಮಾರಿ ಯಾರು ಎಂಬ ಹಳೆಯ ಪ್ರಶ್ನೆ ಮುನ್ನೂರು ವರ್ಷಗಳ ಮೇಲೆ ಆಳುವವರ ಕಡೆಗೆ ತಿರುಗಿತು. ಇದು ನನಗೆ ಕೋಂಡೆಯ ದೊಡ್ಡ ಸಾಧನೆ, ವೆನಿಸ್‌ಗಿಂತಲೂ ದೊಡ್ಡದು. ಬೈಸಿಕೊಂಡವನ ಬಾಯಲ್ಲೇ ಬೈಗುಳದ ಉತ್ತರ ಹೊರಡಿಸುವುದಕ್ಕೆ ನಗಿಸುವ ಶಕ್ತಿ ಇದ್ದರೆ ಸಾಲದು, ಆ ಜನರ ಮೇಲೆ ಅಕ್ಕರೆ ಇರಬೇಕು.

1960ರಲ್ಲಿ ಹುವಾನ್ ಸಿರಿವಂತರ ಸಮಾಜಕ್ಕೆ ಹೋದ. 1963ರ ಚಿತ್ರದಲ್ಲಿ ಸೋಮಾರಿ ಹುವಾನನಿಗೆ ದುಡಿಮೆಗಾರ ಹುವಾನ್ ಜೊತೆಯಾದ. ಆ ಚಿತ್ರದ ಉದ್ದನೆಯ ಹೆಸರಿನ ಕೊನೆಯಲ್ಲಿ 'ಪುಲಿತಿಕಂಗ್ ವಾಲಂಗ್ ಹಂಗ್ಗನ್' ಎಂದಿದೆ, ಕೊನೆಯಿಲ್ಲದ ರಾಜಕಾರಣ. ಹೆಸರಿಟ್ಟ ಒಂಬತ್ತೇ ವರ್ಷಕ್ಕೆ ಆ ರಾಜಕಾರಣಕ್ಕೆ ಒಂದು ಕೊನೆ ಬಂತು, ಯಾರೂ ಬಯಸದಂಥ ಕೊನೆ. 1972ರ ಸೆಪ್ಟೆಂಬರ್‌ನಲ್ಲಿ ಅಧ್ಯಕ್ಷ ಮಾರ್ಕೋಸ್ ಸೇನಾಡಳಿತ ಘೋಷಿಸಿದ. ಕೋಂಡೆ ಹುವಾನನನ್ನು ಕಳಿಸಿದ್ದ ಸಂಸತ್ತಿಗೆ ಬೀಗ ಬಿತ್ತು. ಅದು ಮತ್ತೆ ತೆರೆದದ್ದು 1987ರಲ್ಲಿ. ಕೋಂಡೆ ಅದನ್ನು ನೋಡಲಿಲ್ಲ. 1985ರ ಆಗಸ್ಟ್ 4ರಂದು ತೀರಿಕೊಂಡಿದ್ದ, ಮಾರ್ಕೋಸ್ ದೇಶ ಬಿಟ್ಟು ಓಡುವುದಕ್ಕೆ ಆರು ತಿಂಗಳು ಮೊದಲು.

ಬೋತೊಂಗ್‌ಗೆ 1973ರಲ್ಲೇ ಮರಣೋತ್ತರವಾಗಿ ರಾಷ್ಟ್ರೀಯ ಕಲಾವಿದ ಎಂಬ ಗೌರವ ಸಂದಿತ್ತು. ಕೋಂಡೆಯ ಸಮಕಾಲೀನ ನಿರ್ದೇಶಕರಾದ ಅವೆಲ್ಲಾನಾಗೆ 1976ರಲ್ಲಿ, ಜೆರಾರ್ದೊ ದೆ ಲಿಯೊನ್‌ಗೆ 1982ರಲ್ಲಿ. ಕೋಂಡೆಯ ಸರದಿ ಬರಲು ಅವನು ಸತ್ತು ಇಪ್ಪತ್ತನಾಲ್ಕು ವರ್ಷ ಬೇಕಾಯಿತು. ಅಷ್ಟರಲ್ಲಿ ವಿದ್ವಾಂಸ ನಿಕನೋರ್ ತಿಯೊಂಗ್ಸನ್ ಅವನ ಸಿನಿಮಾ ಕುರಿತ ದೊಡ್ಡ ಪುಸ್ತಕವನ್ನು 2008ರಲ್ಲಿ ತಂದಿದ್ದರು. 2009ರ ಜುಲೈನಲ್ಲಿ ಗೌರವ ಘೋಷಣೆಯಾದಾಗ ಅದಕ್ಕೂ ರಾಜಕಾರಣ ಅಂಟಿಕೊಂಡಿತು. ಆಯ್ಕೆ ಸಮಿತಿಗಳು ಕೋಂಡೆ ಸೇರಿ ನಾಲ್ವರ ಹೆಸರು ಕೊಟ್ಟಿದ್ದವು. ಅಧ್ಯಕ್ಷೆ ಅರೋಯೊ ಅವರ ಅರಮನೆ ಅದರಲ್ಲಿ ಸಂಗೀತಗಾರ ರಮೋನ್ ಸಾಂತೋಸ್‌ರ ಹೆಸರು ತೆಗೆದು, ಸಮಿತಿ ಹೇಳದ ನಾಲ್ವರನ್ನು ಸೇರಿಸಿತು. ಕಲಾವಿದರು ಬೀದಿಗಿಳಿದರು, ಕೋರ್ಟಿಗೆ ಹೋದರು. 2013ರ ಜುಲೈನಲ್ಲಿ ಸುಪ್ರೀಂ ಕೋರ್ಟ್ ಸೇರಿಸಿದ ಆ ನಾಲ್ಕು ಹೆಸರುಗಳನ್ನು ರದ್ದು ಮಾಡಿತು. ಕೋಂಡೆಯ ಹೆಸರಿನ ಬಗ್ಗೆ ಮಾತ್ರ ಯಾರೂ ತಕರಾರು ಎತ್ತಲಿಲ್ಲ. ಪ್ರಭಾವದ ರಾಜಕಾರಣವನ್ನು ಜೀವಮಾನವಿಡೀ ಬಯಲಿಗೆಳೆದವನ ಗೌರವದ ಪತ್ರವೂ ಅದರ ಕೆಸರಿನಲ್ಲೇ ಹಾದು ಬರಬೇಕಾಯಿತು ಎಂಬುದು ನೋವಿನ ಸಂಗತಿ.

ಚಿತ್ರಗಳ ಗತಿ ಇನ್ನೂ ನೋವಿನದು. ಆ ದೇಶದ ಸೆಕೆ, ತೇವ, ಬೆಂಕಿ, ಯುದ್ಧ, ಅಸಡ್ಡೆ ಎಲ್ಲ ಸೇರಿ ಫಿಲಂ ಸುರುಳಿಗಳನ್ನು ತಿಂದುಹಾಕಿದವು. ಕೋಂಡೆ ನಿರ್ದೇಶಿಸಿದ ಹತ್ತಾರು ಚಿತ್ರಗಳಲ್ಲಿ ಇಂದು ನೋಡಸಿಗುವುದು ಕೆಲವೇ ಕೆಲವು. ರಾಷ್ಟ್ರೀಯ ಚಲನಚಿತ್ರ ಭಂಡಾರ ನಿಜವಾಗಿ ಕಣ್ತೆರೆದದ್ದು 2011ರಲ್ಲಿ. 'ಚೆಂಗಿಸ್ ಖಾನ್' ಉಳಿದದ್ದು ಮನಿಲಾದಲ್ಲಲ್ಲ. 1952ರಲ್ಲಿ ವೆನಿಸ್‌ಗೆ ಹೋದ ಚಿತ್ರದ ಪ್ರತಿ ಅಲ್ಲಿ ಚಿತ್ರೋತ್ಸವ ನಡೆಸುವ ಬಿಯೆನ್ನಾಲೆ ಸಂಸ್ಥೆಯ ಭಂಡಾರದಲ್ಲೇ ಇತ್ತು. ಬೊಲೋನ್ಯಾದ ಪ್ರಯೋಗಾಲಯದಲ್ಲಿ ಅದನ್ನು ಜೀರ್ಣೋದ್ಧಾರ ಮಾಡಿ, 2012ರ ವೆನಿಸ್ ಉತ್ಸವದಲ್ಲಿ ಮತ್ತೆ ತೋರಿಸಿದರು. ಹೊರದೇಶದವರು ಅಂದು ಅದನ್ನು ನೋಡಲು ಕರೆಯದೇ ಹೋಗಿದ್ದರೆ ಇಂದು ತೆಮುಜಿನನ ಆ ಕಳ್ಳನಗೆ ನಮಗೆ ಸಿಗುತ್ತಿತ್ತೇ ಎಂದು ಹೇಳಲು ನನಗೆ ಧೈರ್ಯವಿಲ್ಲ.

ಕೋಂಡೆಯ ಮಗ ಜುನ್ ಉರ್ಬಾನೊ. ಮಾರ್ಕೋಸ್ ಹೋದ ಮೇಲೆ, 1980ರ ದಶಕದ ಕೊನೆಯಲ್ಲಿ, ಅವರು ದೂರದರ್ಶನದಲ್ಲಿ ಒಂದು ರಾಜಕೀಯ ವಿಡಂಬನೆ ಶುರುಮಾಡಿದರು. ಅದರ ಹೆಸರು 'ಮಂಗೋಲಿಯನ್ ಬಾರ್ಬೆಕ್ಯೂ'. ತಾವೇ ಜೋಲು ಮೀಸೆ ಹಚ್ಚಿ, ಮಂಗೋಲನ ಉಡುಪು ತೊಟ್ಟು, ಮಿಸ್ಟರ್ ಶೂಲಿ ಎಂಬ ಹೆಸರಿನಲ್ಲಿ ಕೂತು ಮನಿಲಾದ ರಾಜಕಾರಣಿಗಳನ್ನು ಬಿಡಿಸಿ ಇಟ್ಟರು. ಅಪ್ಪನ ಎರಡು ಪಾತ್ರಗಳು ಹೀಗೆ ಒಂದೇ ಮೈಯಲ್ಲಿ ಬಂದವು. 1991ರಲ್ಲಿ ಅದು ಸಿನಿಮಾ ಆಯಿತು. ಅದರಲ್ಲಿ ಮಂಗೋಲ ಮಿಸ್ಟರ್ ಶೂಲಿಯ ಜೊತೆಗಾರ ಹುವಾನ್ ತಮಾದ್.